ನಮ್ಮನೆಯವಳ ಗಂಪ್ಷನ್ನು

ಎಸ್ಟೇಟು ಅಂದ ಮೇಲೆ ಇಂಗ್ಲಿಷ್ ಪದಗಳು ಬರ್ತಾನೇ ಇರ್ತವೆ. ಬಂದವು ಸುಮ್ಮನೆ ಕೂರೋದಿಲ್ಲ, ಏನಾದರೊಂದು ಮಾಡ್ತವೆ. ಸ್ಟೋರು, ಲೈನು, ರೈಟರು ಎಲ್ಲ ನಮ್ಮವೇ ಆಗಿಹೋದವು. ನಮ್ಮವ್ವನಿಗೆ ಅವು ಇಂಗ್ಲಿಷು ಅಂತಲೇ ಗೊತ್ತಿಲ್ಲ. ಆದರೆ ಒಂದು ಪದ ನೆಂಟನ ಥರ ಬಂತು, ನಮ್ಮನೆಯಲ್ಲೇ ಉಳಿದುಬಿಟ್ಟಿತು. ಗಂಪ್ಷನ್ ಅಂತ.

ನಾನು ಹಾನುಬಾಳು ಕಡೆಯವನು. ಎಸ್ಟೇಟಿನ ಜೀಪು ಓಡಿಸುತ್ತಿದ್ದೆ. ನಾಲ್ಕನೇ ಕ್ಲಾಸು ಓದಿದೀನಿ. ಬರೆಯೋದು ನಿಧಾನ, ಮಾತು ಅದಕ್ಕಿಂತ ನಿಧಾನ. ಮನೆಯಲ್ಲಿ ಮಾತಾಡೋ ಕೆಲಸ ನಮ್ಮನೆಯವಳದು. ಅವಳೂ ಅದೇ ಎಸ್ಟೇಟಲ್ಲಿ ಕೆಲಸಕ್ಕೆ ಬರುತ್ತಿದ್ದಳು. ಹೋದ ವರ್ಷ ಕಾಫಿ ಕುಯ್ಲಿನ ಹೊತ್ತಿಗೆ ಅವಳು ಹೋದಳು. ಮನೆ ಈಗ ಸುಮ್ಮನಿದೆ.

ಅವಳ ತಿಥಿ, ವರ್ಷದ ಎಡೆ, ಹತ್ತಿರ ಬಂದಾಗ ಮಗಳು ಫೋನ್ ಮಾಡಿದಳು. ಅವಳನ್ನ ಆಲೂರಿಗೆ ಕೊಟ್ಟಿದೀವಿ.

"ಅಪ್ಪಾ, ಅವ್ವನ ಫ್ಲೆಕ್ಸ್ ಮಾಡುಸ್ಬೇಕು. ಎಲ್ಲಾರೂ ಮಾಡುಸ್ತಾರೆ."

ನಮ್ಮ ಕಡೆ ಈಗ ಸತ್ತವರಿಗೆಲ್ಲ ಫ್ಲೆಕ್ಸ್ ಐತೆ. ಫೋಟೋ, ಹೆಸರು, ಹೆಸರಿನ ಕೆಳಗೆ ಅವರು ಏನಾಗಿದ್ದರು ಅಂತ. ಮಾಜಿ ಅಧ್ಯಕ್ಷರು, ನಿವೃತ್ತ ಶಿಕ್ಷಕರು, ಕಾಫಿ ಬೆಳೆಗಾರರು.

"ಅವ್ವನ ಹೆಸರಿನ ಕೆಳಗೆ ಏನ್ ಹಾಕುಸ್ಲಿ?"

"ಗಂಪ್ಷನ್ ಅಂತ ಹಾಕ್ಸು" ಅಂದೆ.

"ಅಪ್ಪಾ, ಅದು ಬೈಗುಳ ಆಗಿದ್ರೆ?"

ಅವಳು ಕೇಳಿದ್ದು ಸರಿಯೇ. ಎಸ್ಟೇಟಿನ ಸಾಹುಕಾರ್ರು ಆ ಪದ ಹೇಳಿ ಬೈದರೋ ಹೊಗಳಿದರೋ ಅಂತ ನಮ್ಮನೆಯವಳಿಗೇ ಕೊನೆತನಕ ಗೊತ್ತಾಗಲಿಲ್ಲ. ಗೊತ್ತಿಲ್ಲದೆ ಅವಳ ಮುಖದ ಕೆಳಗೆ ಬರೆಸೋದು ಹೆಂಗೆ? ಎಡೆಯ ಒಳಗೆ ವಿಚಾರಿಸಬೇಕು ಅಂತ ಹೊರಟೆ. ಹೊರಟಾಗ ಹಳೇದೆಲ್ಲ ನೆನಪಾಯ್ತು.

ಕಣದ ಟಾರ್ಪಾಲು

ಸಾಹುಕಾರ್ರ ಮಗಳ ನಿಶ್ಚಿತಾರ್ಥ. ಸಾಹುಕಾರ್ರು ಅಂದರೆ ನಮ್ಮ ಎಸ್ಟೇಟಿನ ಯಜಮಾನರು. ಗಂಡಿನ ಕಡೆಯವರು ಕಾರುಗಳಲ್ಲಿ ಬಂದಿದ್ದರು. ಬಂಗಲೆ ಮುಂದೆ ಊಟ. ಹಾಕಿಸಿದ್ದ ಶಾಮಿಯಾನ ಸಾಲಲಿಲ್ಲ. ಎಸ್ಟೇಟಿನ ಲೆಕ್ಕ ಬರೆಯೋ ರೈಟರ್ ಒಂದು ಉಪಾಯ ಮಾಡಿದರು. ಕಣದಲ್ಲಿ ಕಾಫಿ ಮುಚ್ಚೋ ಟಾರ್ಪಾಲುಗಳನ್ನೇ ತರಿಸಿ ಊಟದ ಚಪ್ಪರಕ್ಕೆ ಕಟ್ಟಿಸಿದರು.

"ಜನವರಿಲಿ ಮಳೆ ಎಲ್ಲಿಂದ ಬರುತ್ತೆ?" ಅಂದರು.

ಹೆಗ್ಗದ್ದೆ ಕಡೆಯಿಂದ ಬಂತು. ಪಾಯಸ ಬಡಿಸೋ ಹೊತ್ತಿಗೆ ಗುಡ್ಡದ ಮೇಲೆ ಕಪ್ಪಾಯ್ತು. ಕಣದ ತುಂಬ ಒಣಗಿದ ಕಾಫಿ ಹರವಿತ್ತು. ನೆನೆದರೆ ಬೂಷ್ಟು ಹಿಡಿದು ಹೋಯ್ತು. ಸಾಹುಕಾರ್ರನ್ನ ಕೇಳಬೇಕು ಅಂದರು ರೈಟರ್. ಸಾಹುಕಾರ್ರು ಬೀಗರ ಪಕ್ಕ ಕೂತು ಉಣ್ಣುತ್ತಿದ್ದರು. ಹೋಗಿ ಕೇಳೋಕೆ ರೈಟರಿಗೆ ಹೆದರಿಕೆ. ನಾನು ಜೀಪಿನ ಪಕ್ಕ ನಿಂತು ಯೋಚನೆ ಮಾಡುತ್ತಿದ್ದೆ.

ನಮ್ಮನೆಯವಳು ಯೋಚನೆ ಮಾಡಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಕೂಲಿಯವರ ಲೈನುಮನೆಗಳ ಹೆಂಗಸರನ್ನ ಕರಕೊಂಡು ಹೋಗಿ ಚಪ್ಪರದ ಹಗ್ಗ ಬಿಚ್ಚೋಕೆ ಶುರು ಮಾಡಿದಳು.

"ಏಯ್, ಊಟ ಮಾಡ್ತಾವ್ರೆ ಕಣೇ!" ಅಂತ ಕೂಗಿದರು ರೈಟರ್.

"ಅವ್ರು ನೆನೆದ್ರೆ ಒಣಗ್ತಾರೆ ಬಿಡಿ ಸಾರ್. ಕಾಫಿ ನೆನೆದ್ರೆ ಒಣಗಲ್ಲ" ಅಂದಳು.

ಎಲೆ ಮೇಲೆ ಮಳೆ ಬಿತ್ತು. ಹುಡುಗನ ತಾಯಿ ಊಟದ ಎಲೆಯನ್ನೇ ತಲೆ ಮೇಲೆ ಹಿಡಿದುಕೊಂಡು ಬಂಗಲೆಗೆ ಓಡಿದರು. ಎಲೆಯಲ್ಲಿದ್ದ ಸಾರು ರೇಷ್ಮೆ ಸೀರೆಗಿಳಿಯಿತು. ಇತ್ತ ಕಣ ಮುಚ್ಚಿತು.

ಸಾಹುಕಾರ್ರು ಕಣಕ್ಕೆ ಬಂದರು. ಪಂಚೆ ನೆನೆದು ಕಾಲಿಗೆ ಅಂಟಿಕೊಂಡಿತ್ತು. ಮುಖ ಕೆಂಪಗೆ. ಮುಚ್ಚಿದ ಕಾಫಿ ನೋಡಿದರು. ಟಾರ್ಪಾಲಿನ ಮೇಲೆ ಕಲ್ಲು ಇಡುತ್ತಿದ್ದ ನಮ್ಮನೆಯವಳನ್ನ ನೋಡಿದರು.

"ಗಂಪ್ಷನ್!" ಅಂದರು. ತಿರುಗಿ ಹೋಗಿಬಿಟ್ಟರು.

ಅವಳು ನನ್ನ ಕಡೆ ನೋಡಿದಳು. "ಏನಂದ್ರು ರೀ?"

"ಗಂಪ್ಷನ್ ಅಂದ್ರು."

"ಅದು ನಂಗೂ ಕೇಳ್ಸ್ತು. ಕೆಲ್ಸ ಐತೋ ಹೋಯ್ತೋ?"

ನಾನು ಬಹಳ ಹೊತ್ತು ಯೋಚನೆ ಮಾಡಿ ಹೇಳಿದೆ. "ನಾಳೆ ಬಂದು ನೋಡು."

ಮೆಣಸಿನಕಾಯಿ

ಮಾರನೇ ದಿನ ಕೆಲಸ ಇತ್ತು. ಆದರೆ ಪದದ ಸುದ್ದಿ ಅವಳಿಗಿಂತ ಮುಂಚೆ ಲೈನು ಮುಟ್ಟಿತ್ತು. ಸಾಹುಕಾರ್ರು ಇಂಗ್ಲಿಷಲ್ಲಿ ಏನೋ ಅಂದುಬಿಟ್ಟರಂತೆ, ಅದು ನೇರ ಅವಳಿಗೇ ತಗುಲಿತಂತೆ. ಸಂಜೆಗೆ ಅದು ನಮ್ಮವ್ವನ ಕಿವಿಗೆ ಬಂದಾಗ ಕಾಯಿಲೆ ಆಗಿತ್ತು.

"ಮೈಗೆ ಹೆಂಗೈತೆ?" ಅಂತ ಸೊಸೆಯನ್ನ ಕೇಳಿತು ಅವ್ವ.

"ಚೆನ್ನಾಗೈತೆ ಅತ್ತೆ."

"ಚೆನ್ನಾಗೇ ಇರುತ್ತೆ ಮೊದ್ಲು. ಅಷ್ಟು ದೊಡ್ಡ ಮನುಷ್ಯ ಕೆಂಪು ಮುಖ ಮಾಡ್ಕೊಂಡು ಅಂದವ್ರೆ. ದೃಷ್ಟಿ ಅದು. ಕೂತ್ಕೋ."

ಅವ್ವ ಒಣಮೆಣಸಿನಕಾಯಿ ಮುಷ್ಟಿ ತುಂಬ ಹಿಡಿದು, ಸೊಸೆಗೆ ನೀವಾಳಿಸಿ ಒಲೆಗೆ ಹಾಕಿತು. ದೃಷ್ಟಿ ಇದ್ದರೆ ಮೆಣಸಿನಕಾಯಿ ಘಾಟು ಬರೋದಿಲ್ಲ. ಇಲ್ಲದಿದ್ದರೆ ಬರುತ್ತೆ. ಇದು ನಮ್ಮ ಕಡೆ ಎಲ್ಲರಿಗೂ ಗೊತ್ತು.

ಘಾಟು ಬಂತು. ಎಂಥಾ ಘಾಟು ಅಂದರೆ ನಾನು ಅಂಗಳಕ್ಕೆ ಓಡಿದೆ. ಪಕ್ಕದ ಮನೆಯವರು ರಸ್ತೆಗೆ ಓಡಿದರು. ನಮ್ಮನೆಯವಳು ಕೆಮ್ಮುತ್ತಾ ನಗುತ್ತಾ ಗೋಡೆ ಹಿಡಿದುಕೊಂಡು ಹೊರಗೆ ಬಂದಳು. ಕೊನೆಗೆ ಅವ್ವ ಬಂತು, ಕಣ್ಣೊರೆಸಿಕೊಳ್ಳುತ್ತಾ. ಮುಖದಲ್ಲಿ ನಿರಾಸೆ.

"ದೃಷ್ಟಿ ಅಲ್ಲ ಕಣೋ" ಅಂತು ನನಗೆ. "ಹಂಗಾರೆ ಇದು ಅವಳಿಗೆ ಹುಟ್ಟಿದಾಗಿಂದ ಐತೆ."

ರೈಟರ್ ಹೇಳಿದ ಅರ್ಥ

ಕಾಯಿಲೆ ಅಲ್ಲ ಅಂದ ಮೇಲೆ ಏನು? ಕೇಳೋಕೆ ಲೈನಿನ ಹೆಂಗಸರು ರೈಟರ್ ಹತ್ತಿರ ಹೋದರು. ರೈಟರ್ ಕಾಲೇಜು ಮೆಟ್ಟಿಲು ಹತ್ತಿದವರು. ಗೊತ್ತಿಲ್ಲ ಅನ್ನೋ ಮಾತು ಅವರ ಬಾಯಲ್ಲಿ ಬರೋದಿಲ್ಲ. ಒಳ್ಳೆ ಮನುಷ್ಯ, ಅದೊಂದೇ ತೊಂದರೆ.

ಕನ್ನಡಕ ತೆಗೆದರು. ಒರೆಸಿದರು. ಆಕಾಶ ನೋಡಿದರು.

"ಅದು ದೊಡ್ಡೋರು ದೊಡ್ಡೋರು ಆಡೋ ಮಾತು. ಹೆಂಗಸ್ರ ಮುಂದೆ ಬಿಡಿಸಿ ಹೇಳಕ್ಕಾಗಲ್ಲ" ಅಂದರು.

ಮುಗೀತು. ಹೆಂಗಸರು ಬಾಯಿಗೆ ಸೆರಗು ಹಿಡಿದುಕೊಂಡು ವಾಪಸ್ ಬಂದರು. ಬಿಡಿಸಿ ಹೇಳೋಕಾಗದ ಮಾತು ಅಂದರೆ ಎಂಥದ್ದು ಅಂತ ಅವರಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಮಾರನೇ ದಿನದಿಂದ ಲೈನಿನಲ್ಲಿ ಆ ಪದ ಚಲಾವಣೆಗೆ ಬಂತು. ತೋಟಕ್ಕೆ ನುಗ್ಗಿದ ದನಕ್ಕೆ, "ಥೂ ನಿನ್ ಗಂಪ್ಷನ್ ಮನೆ ಹಾಳಾಗ!" ನಲ್ಲಿಯ ಹತ್ತಿರ ಜಗಳಕ್ಕೆ, "ನಿಮ್ಮಪ್ಪನ್ ಗಂಪ್ಷನ್!"

ಒಂದು ದಿನ ರೈಟರ್ ಹಾಜರಿ ಕೂಗುವಾಗ ಒಬ್ಬ ಮುದುಕಿಯ ಹೆಸರು ಬಿಟ್ಟುಬಿಟ್ಟರು. ಮುದುಕಿ ಮುಂದೆ ಬಂದು, ಸೊಂಟದ ಮೇಲೆ ಕೈಯಿಟ್ಟು, ಅವರ ಮುಖಕ್ಕೇ ಅಂದಿತು. "ಗಂಪ್ಷನ್ ನನ್ ಮಗ್ನೆ!"

ರೈಟರ್ ಸಿಟ್ಟು ಮಾಡಿಕೊಳ್ಳೋ ಹಾಗಿಲ್ಲ. ಮಾಡಿಕೊಂಡರೆ ಅರ್ಥ ಹೇಳಬೇಕು. "ಥ್ಯಾಂಕ್ಯೂ ಅಜ್ಜಿ" ಅಂದರು.

ನಮ್ಮನೆಯವಳು ಮಾತ್ರ ಹಾಗೆ ಬಳಸಲಿಲ್ಲ. "ಸಾಹುಕಾರ್ರು ಕೆಟ್ಟ ಮಾತಾಡೋರಲ್ಲ" ಅಂದಳು.

"ಅವ್ರನ್ನೇ ಕೇಳ್ಬುಡು" ಅಂದೆ.

"ಕೇಳಿದ್ರೆ ಬೈಗುಳ ಅಂದ್ಬುಡ್ಬೋದು ಕಣ್ರೀ. ಕೇಳ್ದೆ ಇದ್ರೆ ಅರ್ಧ ಆದ್ರೂ ಹೊಗಳಿಕೆ. ಆ ಅರ್ಧ ನಂಗೆ ಸಾಕು."

ಇಲ್ಲಿ ಕೊಡಲ್ಲಮ್ಮ

ಅವಳು ಆ ಪದವನ್ನ ಹೊರಗೆ ಬಳಸಿದ್ದು ಒಂದೇ ಸಲ. ಒಂದು ಆಫೀಸಿನಲ್ಲಿ. ಯಾವ ಆಫೀಸು ಅಂತ ಹೇಳೋಲ್ಲ.

ಅವ್ವನ ಪಿಂಚಣಿ ನಿಂತಿತ್ತು. ಹೋದಾಗಲೆಲ್ಲ ಮೇಜಿನವರು "ಸರ್ವರ್ ಇಲ್ಲ, ನಾಳೆ ಬನ್ನಿ" ಅನ್ನೋರು. ನಾನು ಸರಿ ಅಂತ ತಿರುಗಿ ಬರುತ್ತಿದ್ದೆ. ಒಂದು ದಿನ ಅವಳೂ ಬಂದಳು.

"ಸರ್ವರ್ ಇಲ್ಲಮ್ಮ" ಅಂದರು ಅವರು, ಟೀ ಕುಡೀತಾ.

"ಸರ್ವರ್ ಹೋಗ್ಲಿ ಸಾರ್. ನಿಮ್ಮತ್ರ ಗಂಪ್ಷನ್ ಐತಾ?"

ಅವರು ಲೋಟ ಕೆಳಗಿಟ್ಟರು. ಡ್ರಾಯರ್ ಎಳೆದು ನೋಡಿದರು. ಮುಚ್ಚಿದರು. "ಆ ಟೇಬಲ್ ನಂದಲ್ಲ. ಪಕ್ಕದಲ್ಲಿ ಕೇಳಿ."

ಪಕ್ಕದ ಟೇಬಲ್ಲಿಗೆ ಹೋದೆವು. ಅಲ್ಲಿದ್ದ ಮೇಡಮ್ಮು ಕಂಪ್ಯೂಟರ್ ನೋಡುತ್ತಲೇ, "ಗಂಪ್ಷನ್ ಕೊಡೋದು ನಿಂತಿದೆ. ಹಳೇದಿದ್ರೆ ಜೆರಾಕ್ಸ್ ತನ್ನಿ" ಅಂದರು.

ಅಷ್ಟು ಹೊತ್ತಿಗೆ ಒಳಗಿನ ಕೋಣೆಯ ಸಾಹೇಬರು ಬಾಗಿಲಿಗೆ ಬಂದಿದ್ದರು. ಅವರಿಗೆ ಆ ಪದ ಗೊತ್ತಿತ್ತು ಅಂತ ಕಾಣುತ್ತೆ. ಗೋಡೆಗೆ ತಿರುಗಿ ನಿಂತು ನಗುತ್ತಿದ್ದರು. ಹೆಗಲು ಅಲ್ಲಾಡುತ್ತಿತ್ತು. ನಮ್ಮ ಕೆಲಸ ಆವತ್ತೇ ಆಯ್ತು. ಸರ್ವರ್ ಎಲ್ಲಿಂದಲೋ ಬಂತು.

ಹೊರಗೆ ಬರುವಾಗ ಬಾಗಿಲಲ್ಲಿದ್ದ ಜವಾನ ನಮ್ಮನೆಯವಳನ್ನ ಪಕ್ಕಕ್ಕೆ ಕರೆದು ಮೆಲ್ಲಗೆ ಹೇಳಿದ. "ಅಕ್ಕಾ, ಇಲ್ಲಿ ಗಂಪ್ಷನ್ ಯಾರೂ ಕೊಡಲ್ಲ. ಸುಮ್ನೆ ಅಲೀಬೇಡಿ. ನಮ್ಮನೆಯವಳೂ ವರ್ಷದಿಂದ ಕೇಳ್ತಾ ಅವಳೆ."

ಗಂಡು ಮಗು

ನನಗೆ ಗಂಪ್ಷನ್ ಇಲ್ಲ ಅಂತ ಅವಳು ದಿನಾ ಅನ್ನೋಳು. ಬಸ್ಸಿನಲ್ಲಿ ಸೀಟು ಹಿಡಿಯದಿದ್ದರೆ, ಅಂಗಡಿಯವನು ಹಳಸಿದ ಬನ್ನು ಕೊಟ್ಟರೂ ತಂದರೆ, "ಇಲ್ಲ ಕಣ್ರೀ, ನಿಮಗಿಲ್ಲ." ಬೇಜಾರಿಂದ ಅಲ್ಲ. ಸಕ್ಕರೆ ಇಲ್ಲ ಅಂದಂಗೆ.

ಕೊನೆಗೆ ಅವಳನ್ನ ಹಾಸನದ ಆಸ್ಪತ್ರೆಗೆ ಸೇರಿಸಿದೆವು. ಹೊಟ್ಟೆಯ ಆಪರೇಷನ್ ಆಗಿತ್ತು. ಡಾಕ್ಟ್ರು ಏನೂ ಹೇಳಿರಲಿಲ್ಲ. ನಾನು ಮಂಚದ ಪಕ್ಕ ಕೂತಿದ್ದೆ.

"ಹೋಗಿ ಕೇಳ್ರಿ" ಅಂದಳು.

"ಅವ್ರೇ ಬಂದು ಹೇಳ್ತಾರೆ."

"ಹೇಳಲ್ಲ. ನಾನೇ ಎದ್ದು ಹೋಗ್ಲಾ? ನಾನಿಲ್ದಾಗ ಯಾರು ಹೋಗಿ ಕೇಳ್ತಾರೆ ನಿಮ್ಮ ಪರವಾಗಿ?"

ಎದ್ದೆ. ಮೆಟ್ಟಿಲು ಹತ್ತಿದೆ. ಎಲ್ಲಿ ನೋಡಿದರೂ ಒಂದೇ ಥರ ಬಾಗಿಲು. ಒಂದು ಬಾಗಿಲಲ್ಲಿ ನರ್ಸಮ್ಮ ನಿಂತಿದ್ದರು. ಧೈರ್ಯ ಮಾಡಿ, "ಮೇಡಂ, ನಮ್ಮನೆಯವಳದ್ದು ಏನಾಯ್ತು?" ಅಂದೆ. ಅವರು ನನ್ನ ತಲೆಯ ಬಿಳಿ ಕೂದಲು ನೋಡಿದರು. ಸ್ವಲ್ಪ ಹೊತ್ತು ನೋಡಿದರು.

"ಗಂಡು ಮಗು" ಅಂದರು. "ತಾಯಿ ಮಗು ಚೆನ್ನಾಗಿದ್ದಾರೆ."

ನಾನು ಹತ್ತಿ ಬಂದಿದ್ದು ಹೆರಿಗೆ ವಾರ್ಡಿಗೆ. ಆದರೂ ಯಾವತ್ತೂ ಎದುರು ಮಾತಾಡಿದವನಲ್ಲ. "ಸರಿ ಮೇಡಂ" ಅಂದೆ. ಕೆಳಗಿಳಿದು ಬಂದೆ.

"ಏನಂದ್ರು?"

"ಗಂಡು ಮಗುವಂತೆ."

ಅವಳು ನಗೋಕೆ ಶುರು ಮಾಡಿದಳು. ಹೊಲಿಗೆ ಹಾಕಿದ ಹೊಟ್ಟೆ ಹಿಡಿದುಕೊಂಡು, ಅಯ್ಯೋ ನೋವು ಅಯ್ಯೋ ನೋವು ಅಂತ ನಕ್ಕಳು. ಪಕ್ಕದ ಮಂಚದವರೂ ನಕ್ಕರು. ಅವಳು ಹಾಗೆ ನಕ್ಕಿದ್ದು ಅದೇ ಕೊನೆ.

ಕಣ್ಣೊರೆಸಿಕೊಂಡು ಅಂದಳು. "ಯಾರ ಥರ ಐತಂತೆ ಅಂತ ಆದ್ರೂ ಕೇಳ್ಬಾರ್ದಾ?"

ಮೇಷ್ಟ್ರ ಮನೆ ಹಾಲು

ಎಡೆಗೆ ಇನ್ನು ಸ್ವಲ್ಪ ದಿನ ಇತ್ತು. ಮಗಳು ಫೋನಿನಲ್ಲಿ ಅರ್ಥ ಹುಡುಕಿದ್ದಳು. ಅದು ಇಂಗ್ಲಿಷಿಗೆ ಇಂಗ್ಲಿಷೇ ಅರ್ಥ ಕೊಟ್ಟಿತ್ತು. ನಾನು ಹಾನುಬಾಳಿನಲ್ಲಿರೋ ಇಂಗ್ಲಿಷ್ ಮೇಷ್ಟ್ರ ಮನೆಗೆ ಹೋದೆ. ರಿಟೈರ್ ಆದವರು. ಮಾತಾಡೋಕೆ ಯಾರಾದರೂ ಸಿಕ್ಕಿದರೆ ಸಾಕು ಅವರಿಗೆ.

"ಗಂಪ್ಷನ್! ಆಹಾ, ಈಗ ಯಾರೂ ಬಳಸಲ್ಲ ಆ ಪದಾನ" ಅಂದರು. "ನಮ್ಮ ಲೈನಲ್ಲಿ ಬಳಸ್ತಾರೆ" ಅಂತ ಹೇಳಬೇಕು ಅಂದುಕೊಂಡೆ. ಹೇಗೆ ಬಳಸ್ತಾರೆ ಅಂತ ಕೇಳಿದರೆ ಕಷ್ಟ. ಸುಮ್ಮನಾದೆ.

"ನೋಡಪ್ಪ, ಅದಕ್ಕೆ ನಮ್ಮಲ್ಲಿ ಒಂದೇ ಪದ ಇಲ್ಲ. ಬುದ್ಧಿ ಅನ್ಬೋದು. ಪುಸ್ತಕದ ಬುದ್ಧಿ ಅಲ್ಲ, ಬದುಕಿನ ಬುದ್ಧಿ. ಧೈರ್ಯ ಅನ್ಬೋದು. ಹುಲಿ ಮುಂದೆ ನಿಲ್ಲೋ ಧೈರ್ಯ ಅಲ್ಲ. ಈಗ ಒಂದು ಕೆಲಸ ಆಗ್ಬೇಕು ಅನ್ನು. ಎಲ್ಲರೂ ನೋಡ್ತಾ ನಿಂತಿರ್ತಾರೆ. ಯಾರಾದ್ರೂ ಹೇಳ್ಲಿ ಅಂತ ಕಾಯ್ತಾ ಇರ್ತಾರೆ. ಆಗ ಒಬ್ಬರು..."

ಒಲೆ ಮೇಲೆ ಕಾಫಿಗೆ ಹಾಲಿಟ್ಟಿದ್ದರು. ಹಾಲು ಮೇಲೆ ಬಂತು. ಮೇಷ್ಟ್ರು ನೋಡಿದರು. ನಾನೂ ನೋಡಿದೆ. ಅದು ಉಕ್ಕುತ್ತೆ ಅಂತ ಇಬ್ಬರಿಗೂ ಗೊತ್ತಿತ್ತು. ಇಬ್ಬರೂ ಅದನ್ನೇ ನೋಡುತ್ತಾ ಕೂತೆವು.

ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದ ಮೇಷ್ಟ್ರ ಹೆಂಡತಿ ಸೋಪಿನ ಕೈಯಲ್ಲೇ ಓಡಿಬಂದು ಒಲೆ ಆರಿಸಿದರು. "ಇಬ್ರು ಗಂಡಸ್ರು ಕಲ್ಲಿನ ಥರ ಕೂತಿದೀರಲ್ಲ!" ಅಂತ ಬೈದು ವಾಪಸ್ ಹೋದರು.

"ಇದೇ" ಅಂದರು ಮೇಷ್ಟ್ರು. "ಈಗ ಹೋದ್ರಲ್ಲ, ಅದೇ ಅರ್ಥ."

ಅರ್ಥ ಆಯ್ತು. ಇಷ್ಟು ವರ್ಷ ಅದರ ಜೊತೆಗೇ ಸಂಸಾರ ಮಾಡಿದವನಿಗೆ ಆಗದೆ ಇರುತ್ತಾ? ಆದರೂ ಒಂದು ಉಳಿದಿತ್ತು. "ಸಾಹುಕಾರ್ರು ಅದನ್ನ ಬೈದು ಅಂದಿದ್ದಾ ಮೇಷ್ಟ್ರೇ?"

"ಒಳ್ಳೇ ಪದದಲ್ಲೂ ಬೈಬೋದಪ್ಪ. ನಮ್ಮನೇಲಿ ನನ್ನ ಪಂಡಿತರು ಅಂತ ಕರೀತಾರೆ. ಯಾವಾಗ ಕರೀತಾರೆ ಗೊತ್ತಾ? ಹಾಲು ಉಕ್ಕಿದಾಗ."

ಮಧ್ಯಾಹ್ನ, ಸಾಯಂಕಾಲ

ಇನ್ನು ಉಳಿದದ್ದು ಸಾಹುಕಾರ್ರೇ. ಬಂಗಲೆಗೆ ಹೋದೆ. ವರಾಂಡದಲ್ಲಿ ಕೂತಿದ್ದರು. ಅವರಿಗೂ ವಯಸ್ಸಾಗಿದೆ. ಕೇಳೋಕೆ ನನಗೆ ಒಂದು ಲೋಟ ಕಾಫಿ ಮುಗಿಯೋ ಅಷ್ಟು ಹೊತ್ತು ಬೇಕಾಯ್ತು.

"ಬೈದಿದ್ದು ಕಣೋ ಮಾರಾಯ" ಅಂದರು. "ಬೀಗರ ಮುಂದೆ ಮರ್ಯಾದೆ ಹೋಗಿತ್ತು. ಎಷ್ಟು ಸೊಕ್ಕು ಇವಳಿಗೆ ಅಂತ ಬೈದೆ. ಸಾಯಂಕಾಲ ಕಣಕ್ಕೆ ಹೋಗಿ ಟಾರ್ಪಾಲು ಎತ್ತಿ ಕೈ ಹಾಕಿದೆ. ಕಾಫಿ ಗಲಗಲ ಅಂತು. ಒಣಗಿದ್ದು ಒಣಗಿದಂಗೇ ಇತ್ತು. ಅಲ್ಲೇ ನಿಂತು ಇನ್ನೊಂದು ಸಲ ಅಂದೆ, ಅದೇ ಪದ. ಈ ಸಲ ಹೊಗಳಿಕೆ. ನೀವೆಲ್ಲ ಮನೆಗೆ ಹೋಗಿಬಿಟ್ಟಿದ್ರಿ."

ಆ ಎರಡನೇ ಸಲದ್ದು ಅವಳು ಕೇಳಲೇ ಇಲ್ಲ. ನಾನು ಖಾಲಿ ಲೋಟ ಕೆಳಗಿಟ್ಟೆ.

"ಫ್ಲೆಕ್ಸಲ್ಲಿ ಹಾಕುಸ್ತೀನಿ ಅಂತಿದೀನಿ" ಅಂದೆ.

"ಹಾಕ್ಸು. ಹೊಗಳಿಕೆ ಅಂತಲೇ ಹಾಕ್ಸು." ಆಮೇಲೆ ಒಳಗಡೆ ನೋಡಿ ದನಿ ಇಳಿಸಿದರು. "ನಮ್ಮ ಬೀಗಿತ್ತಿ ಕೇಳಿದ್ರೆ ಮಾತ್ರ ಬೈಗುಳ ಅನ್ನು. ಆ ಸೀರೆದು ಇನ್ನೂ ಮರ್ತಿಲ್ಲ ಆಕೆ."

ಫ್ಲೆಕ್ಸು

ಸಕಲೇಶಪುರದ ಅಂಗಡಿಯಲ್ಲಿ ಫ್ಲೆಕ್ಸ್ ಮಾಡಿಸಿದೆವು. ಕಂಪ್ಯೂಟರ್ ಮುಂದೆ ಕೂತವನು ಚೀಟಿ ನೋಡಿ, "ಇದು ಡಿಗ್ರಿನಾ ಅಣ್ಣ?" ಅಂದ. ವಿವರಿಸೋಕೆ ಹೋದರೆ ಸಂಜೆ ಆಗುತ್ತೆ. "ಹೂಂ" ಅಂದೆ. ಅವನು ಹೆಸರಿನ ಪಕ್ಕ ಒಂದು ಗೀಟು ಎಳೆದು ಚೆಂದವಾಗಿ ಕೂರಿಸಿದ.

ಎಡೆಯ ದಿನ ಫ್ಲೆಕ್ಸನ್ನ ನಮ್ಮ ಮನೆ ಬಾಗಿಲ ಮುಂದೆ ಬಿದಿರಿಗೆ ಕಟ್ಟಿ ನಿಲ್ಲಿಸಿದೆವು. ಬಂದವರೆಲ್ಲ ಓದಿದರು. ಪಂಚಾಯ್ತಿ ಮೆಂಬರು ಚಪ್ಪಲಿ ಬಿಟ್ಟು ಓದಿದರು.

"ಎಸ್ಟೇಟಲ್ಲಿ ಕೆಲ್ಸ ಮಾಡ್ಕೊಂಡು ಇಷ್ಟು ಓದಿದ್ರಾ? ಎಲ್ಲಿ ಮಾಡಿದ್ರು?"

"ಕಣದಲ್ಲೇ ಪಾಸ್ ಆಗಿದ್ದು" ಅಂದೆ. ಅವರು ದೂರಶಿಕ್ಷಣ ಅಂದುಕೊಂಡರು.

ಅವಳಿಗೆ ಇಷ್ಟವಾದದ್ದೆಲ್ಲ ಮಾಡಿ ಎಡೆ ಇಟ್ಟೆವು. ಕಡುಬು, ಕೋಳಿ ಸಾರು, ಒಂದು ಲೋಟ ಬೆಲ್ಲದ ಕಾಫಿ. ಅಂಗಳದಲ್ಲಿ ಊಟ. ಹಾಕಿದ್ದ ಶಾಮಿಯಾನ ಸಾಲಲಿಲ್ಲ. ನಮ್ಮ ಅಳಿಯ ಒಂದು ಉಪಾಯ ಮಾಡಿದ್ದ. ಮನೆ ಹಿಂದಿನ ಕಣದಲ್ಲಿ ನಮ್ಮ ಹಿತ್ತಲಿನದೇ ಒಂದಿಷ್ಟು ಕಾಫಿ ಹರವಿತ್ತು. ಅದರ ಟಾರ್ಪಾಲು ತಂದು ಅಂಗಳಕ್ಕೆ ಕಟ್ಟಿದ್ದ.

"ಜನವರಿಲಿ ಮಳೆ ಎಲ್ಲಿಂದ ಬರುತ್ತೆ ಮಾವ?" ಅಂದಿದ್ದ.

ಕಡುಬು ಎರಡನೇ ಸಲ ಬಡಿಸೋ ಹೊತ್ತಿಗೆ ಹೆಗ್ಗದ್ದೆ ಕಡೆ ಕಪ್ಪಾಯ್ತು.

ಎಲ್ಲರೂ ಮೇಲೆ ನೋಡಿದರು. ಸಾಹುಕಾರ್ರೂ ಬಂದಿದ್ದರು, ಅವರೂ ಎಲೆ ಮುಂದೆ ಕೂತು ಮೇಲೆ ನೋಡಿದರು. ರೈಟರೂ ನೋಡಿದರು. ಮೇಷ್ಟ್ರೂ ನೋಡಿದರು. ಹಾಲು ಉಕ್ಕೋದನ್ನ ನೋಡಿದ ಹಾಗೆ. ನಾನು ಬಾಗಿಲಲ್ಲಿ ನಿಂತು ಕಾಯುತ್ತಿದ್ದೆ. ಯಾರಿಗೆ ಕಾಯ್ತಿದೀನಿ ಅಂತ ಆಮೇಲೆ ಗೊತ್ತಾಯ್ತು. ಅವಳು ಬರೋದಿಲ್ಲ.

ಹೋದೆ. ಅವಳು ಬಿಚ್ಚಿದ ಹಾಗೇ ಟಾರ್ಪಾಲಿನ ಹಗ್ಗ ಬಿಚ್ಚೋಣ ಅಂತ ಹೋದೆ. ಅಳಿಯ ಎಂಥ ಗಂಟು ಹಾಕಿದ್ದ ಅಂದರೆ ಹಲ್ಲಲ್ಲಿ ಎಳೆದರೂ ಬಿಚ್ಚಲಿಲ್ಲ. ದಪ್ಪ ಹನಿ ಬೀಳೋಕೆ ಶುರುವಾಯ್ತು. ಸುತ್ತ ನೋಡಿದೆ. ಫ್ಲೆಕ್ಸ್ ಕಾಣಿಸ್ತು. ಬಿದಿರಿನಿಂದ ಕಿತ್ತೆ. ಹೆಗಲ ಮೇಲೆ ಹಾಕಿಕೊಂಡು ಕಣಕ್ಕೆ ಓಡಿದೆ. ನಾನು ಓಡಿದ್ದನ್ನ ನಮ್ಮ ಕಡೆ ಯಾರೂ ನೋಡಿರಲಿಲ್ಲ.

"ಅಯ್ಯಯ್ಯೋ, ಹೆಂಡ್ತಿ ಫೋಟೋ ಕಿತ್ಕೊಂಡು ಓಡೋದ್ನಲ್ಲಪ್ಪ!" ಅಂತ ಯಾರೋ ಕೂಗಿದರು.

ಮಗಳು ಹಿಂದೆಯೇ ಬಂದಳು. ಕಾಫಿ ಬಾಚಿ ಗುಡ್ಡೆ ಮಾಡಿದೆವು. ಫ್ಲೆಕ್ಸಿನ ಇನ್ನೊಂದು ತುದಿ ಯಾರೋ ಹಿಡಿದರು. ನೋಡಿದರೆ ಸಾಹುಕಾರ್ರು. ಎಂಜಲು ಕೈ, ನೆನೆದ ಪಂಚೆ.

"ಯಾವ ಕಡೆ ಮೇಲೋ?" ಅಂದರು.

"ಮುಖ ಮೇಲಕ್ಕಿರ್ಲಿ ಸಾರ್" ಅಂದೆ. "ಮಳೆ ಬಂದಾಗ ಅವಳು ಒಳಗಿದ್ದೋಳಲ್ಲ."

ಹೊದಿಸಿ, ಸುತ್ತ ಕಲ್ಲಿಟ್ಟೆವು. ಕಾಫಿ ಗುಡ್ಡೆಯ ಮೇಲೆ ಅವಳು ಮಲಗಿದ್ದಳು, ಆಕಾಶಕ್ಕೆ ನಗುತ್ತಾ. ಪಕ್ಕದಲ್ಲಿ ದೊಡ್ಡ ಅಕ್ಷರದಲ್ಲಿ ಅವಳ ಡಿಗ್ರಿ. ಒಳಗೆ ಒಂದು ಹನಿ ಹೋಗಲಿಲ್ಲ. ಊಟ ಬಿಟ್ಟು ಎಲ್ಲರೂ ಕಣದ ಸುತ್ತ ಬಂದು ನಿಂತಿದ್ದರು, ನೆನೆಯುತ್ತಾ.

ನಮ್ಮವ್ವ ಕೋಲೂರಿಕೊಂಡು ಕೊನೆಗೆ ಬಂತು. ಫ್ಲೆಕ್ಸ್ ನೋಡಿತು. ನೆನೆದು ನಿಂತ ಗಂಡಸರನ್ನ ಒಬ್ಬೊಬ್ಬರನ್ನೇ ನೋಡಿತು. ನನ್ನನ್ನೂ ನೋಡಿತು.

"ಇಷ್ಟು ಜನ ಇದೀರಿ" ಅಂತು. "ಸತ್ತು ವರ್ಷ ಆದ್ರೂ ಕಣ ಮುಚ್ಚಾಕೆ ಅವಳೇ ಬರ್ಬೇಕಾಯ್ತು!"